ಕಡಲತೀರದಲ್ಲಿ ಕೈಬೀಸಿದ ಹುಡುಗಿಯ ಬೆರಳುಗಳು ಎಲ್ಲಿ ಹೋದವು?

ಕಳೆದ ವಾರ ನಮ್ಮ ಮನೆಯವರ ವಾಟ್ಸಾಪ್ ಗ್ರೂಪಿಗೆ ಚಿಕ್ಕಪ್ಪ ಒಂದು ವಿಡಿಯೊ ಹಾಕಿದರು. ಇಂಗ್ಲೆಂಡಿನ ಕಡಲತೀರ, ನೂರು ವರ್ಷಕ್ಕೂ ಹಿಂದಿನದು. ಟೋಪಿ ಹಾಕಿದ ಗಂಡಸರು, ನೆಲ ಗುಡಿಸುವಷ್ಟು ಉದ್ದದ ಲಂಗದ ಹೆಂಗಸರು, ಕ್ಯಾಮೆರಾ ಕಂಡು ಹಲ್ಲು ಕಿರಿಯುವ ಹುಡುಗರು. ಎಲ್ಲಾ ಬಣ್ಣದಲ್ಲಿ. ಒಂದು ಗೀರಿಲ್ಲ, ನಡುಕವಿಲ್ಲ. ಹಿಂದಿನಿಂದ ಅಲೆಗಳ ಸದ್ದು ಬೇರೆ. ‘ನಿನ್ನೆ ತೆಗೆದ ಹಾಗಿದೆ ಅಲ್ವೇನೋ’ ಅಂತ ಚಿಕ್ಕಪ್ಪ ಕೆಳಗೆ ಬರೆದಿದ್ದರು.

ನಿಜ, ನಿನ್ನೆ ತೆಗೆದ ಹಾಗೇ ಇತ್ತು. ನನ್ನ ತಕರಾರು ಇರುವುದೂ ಅಲ್ಲೇ.

ಒಂದು ಕಡೆ ನಿಲ್ಲಿಸಿ, ಎರಡು ಬೆರಳಲ್ಲಿ ಎಳೆದು ದೊಡ್ಡದು ಮಾಡಿ ನೋಡಿದೆ. ಎದುರಿಗೆ ಬರುತ್ತಿದ್ದ ಹುಡುಗಿಯೊಬ್ಬಳು ಕೈಬೀಸುತ್ತಿದ್ದಳು. ಆ ಕೈಗೆ ಬೆರಳುಗಳೇ ಇಲ್ಲ. ಮಣಿಕಟ್ಟಿನ ಮೇಲೆ ನಾದಿದ ಹಿಟ್ಟಿನ ಉಂಡೆಯ ಹಾಗೆ ಏನೋ ಒಂದು. ಹಿಂದೆ ಹೋಗುತ್ತಿದ್ದ ಕುದುರೆ ಗಾಡಿಯ ಚಕ್ರದಲ್ಲಿ ಕಡ್ಡಿಗಳು ಕರಗಿ ಒಂದಾಗಿದ್ದವು. ಅವಳ ಮುಖವಂತೂ ಸ್ಟುಡಿಯೊದವರು ಟಚಪ್ ಮಾಡಿಕೊಟ್ಟ ಪಾಸ್‌ಪೋರ್ಟ್ ಫೋಟೊ. ಚೆನ್ನಾಗಿದೆ. ಆದರೆ ಯಾರದು ಆ ಮುಖ?

ಇಂಥ ವಿಡಿಯೊಗಳ ಸುಗ್ಗಿ ಜೋರಾಗಿದ್ದು 2020ರ ಫೆಬ್ರವರಿಯಿಂದ. ಡೆನಿಸ್ ಶಿರ್ಯಾಯೆವ್ ಎಂಬುವರು, ಸಿನಿಮಾ ಆಗಷ್ಟೇ ಹುಟ್ಟಿದ್ದ ಕಾಲದಲ್ಲಿ ಫ್ರಾನ್ಸಿನ ಲುಮಿಯೇರ್ ಸಹೋದರರು ತೆಗೆದ ರೈಲು ಬರುವ ಚಿತ್ರವನ್ನು ಎಐ ಬಳಸಿ 4ಕೆ ಗಾತ್ರಕ್ಕೆ ಹಿಗ್ಗಿಸಿ, ಸೆಕೆಂಡಿಗೆ 60 ಫ್ರೇಮ್, ಅಂದರೆ 60 ಬಿಡಿ ಚಿತ್ರ, ಬರುವ ಹಾಗೆ ಮಾಡಿ ಯೂಟ್ಯೂಬಿಗೆ ಹಾಕಿದರು. ಜನ ಮುಗಿಬಿದ್ದು ನೋಡಿದರು. ಆಮೇಲೆ ನ್ಯೂಯಾರ್ಕ್ ಬಂತು, ಪ್ಯಾರಿಸ್ ಬಂತು, ಕಡಲತೀರಗಳೂ ಬಂದವು. ಇಂಥ ಹಳೇ ಚಿತ್ರಗಳಲ್ಲಿ ಎಷ್ಟೋ ಚಿತ್ರಗಳ ಮೇಲೆ ಈಗ ಯಾರ ಹಕ್ಕೂ ಇಲ್ಲ, ಯಾರು ಬೇಕಾದರೂ ತೆಗೆದುಕೊಳ್ಳಬಹುದು. ಸಾಫ್ಟ್‌ವೇರ್ ಕೂಡ ಕೈಗೆಟುಕುವ ಹಾಗಿದೆ. ಅದೇ ವರ್ಷವೇ ಕೆಲವು ಇತಿಹಾಸಕಾರರು ಆಕ್ಷೇಪ ಎತ್ತಿದರು. ಇದು ಹಳೇ ಕಾಲವನ್ನು ಹತ್ತಿರ ತರುವುದಿಲ್ಲ, ನಮ್ಮ ಕಾಲದ ಮುಖವಾಡವನ್ನು ಅದಕ್ಕೆ ಹಾಕುತ್ತದೆ ಎಂಬುದು ಅವರ ವಾದದ ತಿರುಳು. ಮಾಡುವವರು ಸುಮ್ಮನಿರಲಿಲ್ಲ. ‘ಮೂಲಕ್ಕೆ ನಾವೇನೂ ಮಾಡಿಲ್ಲ, ಅದು ಇದ್ದಲ್ಲೇ ಇದೆ. ಇತಿಹಾಸದ ಕಡೆ ತಿರುಗಿಯೂ ನೋಡದ ಲಕ್ಷಾಂತರ ಜನ ಇದನ್ನು ನೋಡ್ತಿದ್ದಾರಲ್ಲ’ ಎಂಬುದು ಆ ಕಡೆಯ ಮಾತು.

ಎರಡೂ ಕಡೆ ಹುರುಳಿದೆ. ಆದರೆ ತೀರ್ಮಾನಕ್ಕೆ ಬರುವ ಮೊದಲು ಒಂದು ಸಣ್ಣ ಲೆಕ್ಕ ಹಾಕೋಣ.

ಆ ರೈಲು ಬಂದು ನಿಲ್ಲುವ ಊರು ಲಾ ಸಿಯೋಟಾ. ಫ್ರಾನ್ಸಿನ ದಕ್ಷಿಣಕ್ಕೆ, ಮೆಡಿಟರೇನಿಯನ್ ಕಡಲ ದಂಡೆಯಲ್ಲಿದೆ. ಲುಮಿಯೇರ್ ಕುಟುಂಬ ಬೇಸಿಗೆ ಕಳೆಯುತ್ತಿದ್ದ ಮನೆ ಅಲ್ಲಿತ್ತು. ಪರದೆ ಮೇಲೆ ರೈಲು ಬಂದಾಗ ಜನ ಹೆದರಿ ಓಡಿಹೋದರು ಅನ್ನುವ ಕತೆ ಎಲ್ಲರೂ ಕೇಳಿದ್ದೇವೆ. ಅದಕ್ಕೆ ಆ ಕಾಲದ ಗಟ್ಟಿ ಪುರಾವೆ ಸಿಕ್ಕಿಲ್ಲ, ಸುಮ್ನೆ ಬೆಳೆದ ದಂತಕತೆ ಇರಬೇಕು. ನನಗೆ ಅದಕ್ಕಿಂತ ಇಷ್ಟವಾಗುವುದು ಅದೇ ಊರಲ್ಲಿ 1895ರಲ್ಲಿ ತೆಗೆದ ಕಡಲಸ್ನಾನದ ಚಿತ್ರ. ಕತೆ ಏನೂ ಇಲ್ಲ. ಹಲಗೆಯ ಕಿರಿದಾದ ಅಟ್ಟವೊಂದು ನೀರಿನ ಮೇಲೆ ಚಾಚಿಕೊಂಡಿದೆ. ಹುಡುಗರು ಅದರ ಮೇಲೆ ಓಡಿಬಂದು ನೀರಿಗೆ ಹಾರುತ್ತಾರೆ. ದಡಕ್ಕೆ ಹತ್ತಿ ಬಂದು ಮತ್ತೆ ಹಾರುತ್ತಾರೆ. ಅಷ್ಟೇ. ನಮ್ಮ ಹಳ್ಳಿ ಬಾವಿಗೆ ಬೇಸಿಗೆ ರಜೆಯಲ್ಲಿ ಧುಮುಕುವ ಹುಡುಗರಿಗೂ ಇವರಿಗೂ ಏನೂ ವ್ಯತ್ಯಾಸವಿಲ್ಲ. 1895ರ ಡಿಸೆಂಬರ್ 28ರಂದು ಪ್ಯಾರಿಸಿನ ಗ್ರಾಂಡ್ ಕೆಫೆಯಲ್ಲಿ ದುಡ್ಡು ಕೊಟ್ಟು ಬಂದ ಜನರಿಗೆ ಮೊದಲ ಸಲ ತೋರಿಸಿದ ಹತ್ತು ಚಿತ್ರಗಳಲ್ಲಿ ಇದೂ ಒಂದು. ರೈಲು ಆ ದಿನದ ಪಟ್ಟಿಯಲ್ಲಿ ಇರಲೇ ಇಲ್ಲ.

ಈಗ ಲೆಕ್ಕ. ಲುಮಿಯೇರ್ ಕ್ಯಾಮೆರಾದಲ್ಲಿ ಹಿಡಿಸುತ್ತಿದ್ದ ಫಿಲಂ ಸುಮಾರು 17 ಮೀಟರ್. ಕೈಯಲ್ಲಿ ಹಿಡಿ ತಿರುಗಿಸಿ ಓಡಿಸಬೇಕು. ಸೆಕೆಂಡಿಗೆ ಹೆಚ್ಚುಕಮ್ಮಿ 16 ಫ್ರೇಮ್, ಒಟ್ಟು 50 ಸೆಕೆಂಡ್. ಅಂದರೆ ಕ್ಯಾಮೆರಾ ಕಣ್ಣಾರೆ ಕಂಡದ್ದು ಸುಮಾರು 800 ಚಿತ್ರ. ಅದನ್ನೇ ಸೆಕೆಂಡಿಗೆ 60ರಂತೆ ತೋರಿಸಿದರೆ 50 ಸೆಕೆಂಡಿಗೆ 3000 ಚಿತ್ರ ಬೇಕು. ಮಿಕ್ಕ 2200 ಎಲ್ಲಿಂದ ಬಂದವು? ಯಂತ್ರ ಊಹಿಸಿ ಬಿಡಿಸಿದ್ದು. ನೀವು ನೋಡುವ ನಾಲ್ಕು ಚಿತ್ರಗಳಲ್ಲಿ ಹತ್ತಿರ ಹತ್ತಿರ ಮೂರು ಯಾವ ಕ್ಯಾಮೆರಾದ ಮುಂದೆಯೂ ಯಾವತ್ತೂ ನಡೆದದ್ದಲ್ಲ. ಉಳಿದ ಒಂದರಲ್ಲೂ ಗಾತ್ರ ಹಿಗ್ಗಿಸುವಾಗ ತುಂಬಿದ ಚುಕ್ಕಿಗಳಿವೆ. ಅಗಲ ಎರಡರಷ್ಟು, ಎತ್ತರ ಎರಡರಷ್ಟು ಮಾಡಿದರೆ ನಾಲ್ಕರಲ್ಲಿ ಮೂರು ಚುಕ್ಕಿ ಹೊಸದು.

ನಡುವಿನ ಫ್ರೇಮನ್ನು ಯಂತ್ರ ಬಿಡಿಸುವ ರೀತಿ ಸರಳ. ಮೊದಲ ಚಿತ್ರದಲ್ಲಿ ಟೋಪಿ ಇಲ್ಲಿದೆ, ಮುಂದಿನದರಲ್ಲಿ ಅಲ್ಲಿದೆ, ಹಾಗಾದರೆ ನಡುವೆ ಇಲ್ಲೆಲ್ಲೋ ಇದ್ದಿರಬೇಕು ಅಂತ ಲೆಕ್ಕ ಹಾಕುತ್ತದೆ. ಟೋಪಿಗೆ ಇದು ಸರಿಹೋಗುತ್ತದೆ. ರೈಲಿಗೂ ಸರಿ, ಅದು ಗಟ್ಟಿ ವಸ್ತು. ಆದರೆ ಅಲೆಯ ನೊರೆ? ಅದಕ್ಕೆ ನಿಂತ ರೂಪವೇ ಇಲ್ಲ. ಮೊದಲ ಫ್ರೇಮಿನಲ್ಲಿದ್ದ ನೊರೆ ಎರಡನೆಯದರಲ್ಲಿ ಇರುವುದೇ ಇಲ್ಲ, ಒಡೆದುಹೋಗಿರುತ್ತದೆ. ಯಂತ್ರ ಹಟ ಬಿಡದೆ ಅದಕ್ಕೂ ಇದಕ್ಕೂ ಗಂಟು ಹಾಕುತ್ತದೆ. ಅದಕ್ಕೇ ಈ ವಿಡಿಯೊಗಳಲ್ಲಿ ಕಡಲು ಎಷ್ಟೋ ಸಲ ಜೆಲ್ಲಿ ಥರ ತೊನೆಯುತ್ತದೆ. ಬೀಸುವ ಕೈ, ಗಾಳಿಗೆ ಹಾರುವ ಕರವಸ್ತ್ರ, ಚಕ್ರದ ಕಡ್ಡಿ, ಒಬ್ಬರ ಹಿಂದೆ ಮರೆಯಾಗಿ ಮತ್ತೆ ಕಾಣಿಸಿಕೊಳ್ಳುವ ಮಗು, ಇವೆಲ್ಲ ಯಂತ್ರಕ್ಕೆ ಕಷ್ಟ. ಕಡಲತೀರದ ಚಿತ್ರದಲ್ಲಿ ಇರುವುದೇ ಇವು!

ತಮಾಷೆ ಅಂದರೆ, ಆ ಕಾಲದ ಜನ ಬೆರಗಾಗಿದ್ದು ಇದೇ ನೀರಿಗೆ. ಛಾಯಾಗ್ರಾಹಕ ಬರ್ಟ್ ಏಕರ್ಸ್ 1895ರಲ್ಲಿ ಇಂಗ್ಲೆಂಡಿನ ಡೋವರ್‌ನಲ್ಲಿ ತೆಗೆದ ಉಬ್ಬರದ ಅಲೆಗಳ ಚಿತ್ರವನ್ನು 1896ರ ಏಪ್ರಿಲ್‌ನಲ್ಲಿ ನ್ಯೂಯಾರ್ಕಿನಲ್ಲಿ ತೋರಿಸಿದಾಗ, ಅಲ್ಲಿದ್ದ ನರ್ತಕಿಯರ ಚಿತ್ರಗಳಿಗಿಂತ ಅಲೆ ಹೆಚ್ಚು ಚಪ್ಪಾಳೆ ಗಿಟ್ಟಿಸಿತು. ನಾಟಕದ ಪರದೆ ಮೇಲೆ ಕಡಲು ಬಿಡಿಸಬಹುದು, ಆದರೆ ಬಿಡಿಸಿದ ಅಲೆ ಒಡೆಯುವುದಿಲ್ಲವಲ್ಲ. ಇದು ಒಡೆಯಿತು. ಪ್ರತಿ ಸಲ ಬೇರೆ ಥರ ಒಡೆಯಿತು.

ಇನ್ನು ಮುಖದ ವಿಷಯಕ್ಕೆ ಬರುತ್ತೇನೆ. ನನಗೆ ಹೆಚ್ಚು ನೋಯುವುದು ಅದೇ.

ಇಂಗ್ಲೆಂಡಿನ ಲ್ಯಾಂಕಾಶೈರ್‌ನಲ್ಲಿ ಬ್ಲ್ಯಾಕ್‌ಬರ್ನ್ ಅಂತ ಒಂದು ಬಟ್ಟೆ ಗಿರಣಿಗಳ ಊರಿದೆ. ಅಲ್ಲಿ ಸಾಗರ್ ಮಿಚೆಲ್ ಮತ್ತು ಜೇಮ್ಸ್ ಕೆನ್ಯನ್ ಎಂಬಿಬ್ಬರು ಕಂಪನಿ ಕಟ್ಟಿ ಚಿತ್ರ ತೆಗೆಯುತ್ತಿದ್ದರು. (ಹೌದು, ಹೆಸರು ಸಾಗರ್. ಸ್ಪೆಲಿಂಗೂ ನಮ್ಮ ಸಾಗರದ ಸ್ಪೆಲಿಂಗೇ.) ಅವರ ಗಿರಾಕಿಗಳು ಊರೂರು ಸುತ್ತಿ ಜಾತ್ರೆಯಲ್ಲಿ ಡೇರೆ ಹಾಕುವ ಆಟದವರು. ವ್ಯಾಪಾರದ ಗುಟ್ಟು ಇಷ್ಟೇ: ಬೆಳಿಗ್ಗೆ ಗಿರಣಿ ಬಾಗಿಲಲ್ಲೋ ಕಡಲ ಅಟ್ಟದ ಮೇಲೋ ಜನರನ್ನು ಚಿತ್ರೀಕರಿಸು, ಸಂಜೆಯೋ ನಾಳೆಯೋ ಡೇರೆಯಲ್ಲಿ ತೋರಿಸು. ‘ಬನ್ನಿ, ನಿಮ್ಮನ್ನು ನೀವೇ ನೋಡಿ’ ಅಂತ ಕೂಗು. ತನ್ನ ಮುಖ ಬಂದಿದೆಯಾ ಅಂತ ನೋಡಲು ಯಾರು ತಾನೆ ಬರಲ್ಲ? ಆದ್ದರಿಂದ ಅವರ ಕ್ಯಾಮೆರಾ ಬೇಕೆಂದೇ ಹೆಚ್ಚು ಮುಖ ಸಿಗುವ ಕಡೆ ನಿಲ್ಲುತ್ತಿತ್ತು. ಎದುರಿಗೆ ನಡೆದು ಬರುವ ಗುಂಪು, ಎದೆಯೆತ್ತರಕ್ಕೆ ಕ್ಯಾಮೆರಾ. ಹುಡುಗರು ಕ್ಯಾಮೆರಾ ದಾಟಿ, ಹಿಂದಿನಿಂದ ಸುತ್ತು ಹಾಕಿ ಓಡಿಬಂದು ಮತ್ತೊಂದು ಸಲ ದಾಟುತ್ತಿದ್ದರು.

ಇವರು 1900ರಿಂದ ಸುಮಾರು 1913ರವರೆಗೆ ತೆಗೆದ ನೆಗೆಟಿವ್‌ಗಳು ಉಳಿದದ್ದೇ ಒಂದು ಪವಾಡ. 1994ರಲ್ಲಿ ಬ್ಲ್ಯಾಕ್‌ಬರ್ನ್‌ನಲ್ಲಿ ಅವರ ಹಳೇ ಅಂಗಡಿ ಇದ್ದ ಕಟ್ಟಡದ ನೆಲಮಾಳಿಗೆ ಖಾಲಿ ಮಾಡುವಾಗ ಕೆಲಸದವರಿಗೆ ದೊಡ್ಡ ಹಾಲಿನ ಕ್ಯಾನಿನಂಥ ಮೂರು ಪೀಪಾಯಿ ಸಿಕ್ಕವು. ಒಳಗೆ 800ಕ್ಕೂ ಹೆಚ್ಚು ಸುರುಳಿ. ನೈಟ್ರೇಟ್ ಫಿಲಂ ಅದು, ಬೆಂಕಿಗೆ ಬಲು ಬೇಗ ಸಿಗುತ್ತದೆ, ಬಿಸಿಲು ಸೆಕೆಗೆ ಪುಡಿಯಾಗುತ್ತದೆ. ಊರಿನ ಸಿನಿಮಾ ಇತಿಹಾಸದ ಹುಚ್ಚಿದ್ದ ಪೀಟರ್ ವರ್ಡನ್ ಅವನ್ನು ಫ್ರೀಜರ್‌ನಲ್ಲಿಟ್ಟು ಕಾಪಾಡಿದರು. 2000ದಲ್ಲಿ ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ ಕೈಗೆ ಹೋಯಿತು. ಒಟ್ಟು ಸುಮಾರು 28 ಗಂಟೆಯ ಚಿತ್ರ.

ಅದರಲ್ಲಿ ಬ್ಲ್ಯಾಕ್‌ಪೂಲ್ ಇದೆ, ಮೋರ್ಕಮ್ ಇದೆ. ಎರಡೂ ಕಡಲತೀರದ ಊರು. ಬ್ಲ್ಯಾಕ್‌ಪೂಲಿಗೆ ಬರುತ್ತಿದ್ದವರು ರಾಜರಾಣಿಯರಲ್ಲ, ಗಿರಣಿ ಕೆಲಸಗಾರರು. ವರ್ಷಕ್ಕೊಮ್ಮೆ ಒಂದೊಂದು ಊರಿನ ಗಿರಣಿಗಳೆಲ್ಲ ಒಟ್ಟಿಗೆ ಬಾಗಿಲು ಹಾಕುತ್ತಿದ್ದವು. ‘ವೇಕ್ಸ್’ ವಾರ ಅನ್ನುತ್ತಿದ್ದರು. ರಜೆಗೆ ಸಂಬಳವಿಲ್ಲ. ವರ್ಷಪೂರ್ತಿ ವಾರವಾರ ಚೀಟಿ ಕಟ್ಟಿದ ಹಾಗೆ ಪುಡಿಗಾಸು ಕೂಡಿಟ್ಟು, ರೈಲು ಹತ್ತಿ, ಬೀದಿಗೆ ಬೀದಿಯೇ ಕಡಲಿಗೆ ಹೊರಡುತ್ತಿತ್ತು. ಅಲ್ಲಿ ಹೋದರೆ ಅಕ್ಕಪಕ್ಕದ ಕೋಣೆಯಲ್ಲೂ ಅದೇ ಊರಿನ ಅದೇ ಮಗ್ಗದವರು! ಕಬ್ಬಿಣದ ಕಂಬಗಳ ಮೇಲೆ ಕಡಲೊಳಗೆ ಚಾಚಿದ ಮೂರು ಅಟ್ಟಗಳು ಅಲ್ಲಿದ್ದವು, 1863, 1868 ಮತ್ತು 1893ರಲ್ಲಿ ತೆರೆದವು. 1894ರಲ್ಲಿ 518 ಅಡಿಯ ಗೋಪುರ. ಅಟ್ಟದ ಮೇಲೆ ನಡೆಯುವುದೇ ಆಟ. ಮಾಡುವುದೇನೂ ಇಲ್ಲ, ನಡೆಯುವುದು, ನೋಡುವುದು, ನೋಡಿಸಿಕೊಳ್ಳುವುದು.

ಈ ಗಿರಣಿಗಳ ಕತೆಯಲ್ಲಿ ನಮ್ಮ ಕಡೆಯ ಒಂದು ಎಳೆಯೂ ಇದೆ. 1860ರ ದಶಕದಲ್ಲಿ ಅಮೆರಿಕದ ಅಂತರ್ಯುದ್ಧದಿಂದ ಲ್ಯಾಂಕಾಶೈರ್‌ಗೆ ಹತ್ತಿ ನಿಂತಾಗ ಧಾರವಾಡ ಸೀಮೆಯ ಹತ್ತಿಗೆ ಬೇಡಿಕೆ ಏರಿತು. ಅದನ್ನು ಸಾಗಿಸಲೆಂದು ಕಾರವಾರದ ಬಂದರನ್ನು ಬೆಳೆಸಿದರು. 1862ರಲ್ಲಿ ಉತ್ತರ ಕನ್ನಡ ಮದ್ರಾಸ್ ಬಿಟ್ಟು ಬಾಂಬೆ ಪ್ರಾಂತ್ಯ ಸೇರಿದ್ದಕ್ಕೂ ಈ ಹತ್ತಿ ಒಂದು ಕಾರಣ. ಕುಮಟಾದಿಂದ ಹಡಗು ಹತ್ತುತ್ತಿದ್ದ ಹತ್ತಿಗೆ ಮಾರುಕಟ್ಟೆಯಲ್ಲಿ ಕುಮಟಾ ಅಂತಲೇ ಹೆಸರು.

ಇರಲಿ. ಆ ಅಟ್ಟದ ಮೇಲಿನ ಚಿತ್ರಗಳನ್ನು ಮೂಲದಲ್ಲಿ ನೋಡಿ. ಮೊದಲು ಕಣ್ಣಿಗೆ ಬೀಳುವುದು ಬಟ್ಟೆ. ಕಡಲಿಗೆ ಬಂದವರು ಕೋಟು, ವೇಸ್ಟ್‌ಕೋಟು, ಟೋಪಿ ಸಮೇತ ಬಂದಿದ್ದಾರೆ. ವರ್ಷದ ಒಂದೇ ರಜೆ, ಇರುವ ಒಂದೇ ಒಳ್ಳೇ ಬಟ್ಟೆ. ಮಲ್ಪೆಯಲ್ಲೋ ಪಣಂಬೂರಿನಲ್ಲೋ ಭಾನುವಾರ ಸಂಜೆ ರೇಷ್ಮೆ ಸೀರೆಯ ನೆರಿಗೆ ಎತ್ತಿ ಹಿಡಿದು ಅಲೆಗೆ ಕಾಲು ಒಡ್ಡುವವರನ್ನು ಕಂಡವರಿಗೆ ಇದು ವಿಚಿತ್ರ ಅನ್ನಿಸಲಾರದು. ಆಮೇಲೆ ಮುಖಗಳು. ಒಬ್ಬ ಕ್ಯಾಮೆರಾ ಕಂಡು ನಿಂತೇಬಿಡುತ್ತಾನೆ, ಹಿಂದಿನವರು ಅವನಿಗೆ ಡಿಕ್ಕಿ ಹೊಡೆಯುತ್ತಾರೆ. ಒಬ್ಬಳು ನೋಡಿಯೂ ನೋಡದ ಹಾಗೆ ಮುಖ ತಿರುಗಿಸಿ, ಎರಡು ಹೆಜ್ಜೆ ಆದಮೇಲೆ ಓರೆಗಣ್ಣು ಹಾಕುತ್ತಾಳೆ. ಆ ಓರೆನೋಟ ಇರುವುದು ಮೂರೋ ನಾಲ್ಕೋ ಫ್ರೇಮು, ಅಂದರೆ ಕಾಲು ಸೆಕೆಂಡು.

ಎಐ ಮೊದಲು ಅಳಿಸುವುದು ಇದನ್ನೇ. ಅದರ ತಪ್ಪಲ್ಲ, ಅದರ ಸ್ವಭಾವವೇ ಹಾಗೆ. ಅಸಂಖ್ಯ ಮುಖ ನೋಡಿ ಕಲಿತ ಯಂತ್ರಕ್ಕೆ ‘ಸಾಮಾನ್ಯವಾಗಿ ಕಣ್ಣು ಹೀಗಿರುತ್ತದೆ, ಮೂಗು ಹೀಗಿರುತ್ತದೆ’ ಎಂಬುದು ಗೊತ್ತು. ಮಸುಕಾದ ಕಡೆ ಆ ಸಾಮಾನ್ಯವನ್ನು ತುಂಬುತ್ತದೆ. ಸಿಡುಬಿನ ಕಲೆ, ವಾರೆ ಹಲ್ಲು, ಗಿರಣಿಯಲ್ಲಿ ಸೊರಗಿದ ಕೆನ್ನೆಯ ಗುಳಿ, ಇವೆಲ್ಲ ಅದರ ಕಣ್ಣಿಗೆ ಗೀರು, ಧೂಳಿನ ಹಾಗೆ. ಒರೆಸಿಬಿಡುತ್ತದೆ. ತನ್ನ ಮುಖ ನೋಡಲೆಂದೇ ಕಾಸು ಕೊಟ್ಟು ಡೇರೆಗೆ ಬಂದ ಹೆಂಗಸಿಗೆ, ಊರಿನ ಎಲ್ಲ ಹೆಂಗಸರ ಮುಖ ಕಲಸಿ ಮಾಡಿದ ಒಂದು ಮುಖ ತೋರಿಸಿದರೆ ಅವಳು ದುಡ್ಡು ವಾಪಸ್ ಕೇಳುತ್ತಿದ್ದಳು.

ಹಾಗಂತ ಹಳೇ ಚಿತ್ರವನ್ನು ಮುಟ್ಟಲೇಬಾರದು ಅಂತ ನಾನು ಹೇಳುವುದಿಲ್ಲ. ಹಳೇ ಸಿನಿಮಾ ಕಾಪಾಡುವ ಚಿತ್ರಾಗಾರದವರೂ ಮುಟ್ಟುತ್ತಾರೆ. ಧೂಳು ತೆಗೆಯುತ್ತಾರೆ, ನಡುಕ ನಿಲ್ಲಿಸುತ್ತಾರೆ, ಹರಿದ ಕಡೆ ಇನ್ನೊಂದು ಪ್ರಿಂಟಿನಿಂದ ತುಂಡು ತಂದು ಸೇರಿಸುತ್ತಾರೆ. ವ್ಯತ್ಯಾಸ ಎಲ್ಲಿದೆ ಅಂದರೆ, ಅವರು ತುಂಬುವುದು ಎಲ್ಲೋ ಉಳಿದಿದ್ದ ಪುರಾವೆಯಿಂದ. ಬ್ಲ್ಯಾಕ್‌ಬರ್ನ್ ಚಿತ್ರಗಳು ಅಷ್ಟು ಸ್ಪಷ್ಟವಾಗಿರುವುದಕ್ಕೆ ಕಾರಣವೇ ಬೇರೆ. ಸಿಕ್ಕಿದ್ದು ಪ್ರಿಂಟಿನ ಪ್ರಿಂಟಲ್ಲ, ಕ್ಯಾಮೆರಾದೊಳಗೆ ಓಡಿದ ಮೂಲ ನೆಗೆಟಿವ್. ಅಲ್ಲಿನ ಚುರುಕು ಯಾರೂ ಹಚ್ಚಿದ್ದಲ್ಲ, ಇದ್ದದ್ದು.

ಇನ್ನೊಂದು ಗುಟ್ಟು. ಎಐ ವಿಡಿಯೊ ನೋಡಿ ‘ಅಬ್ಬಾ, ಜನ ನಮ್ಮ ಹಾಗೇ ನಡೀತಾರೆ’ ಅಂತೀವಲ್ಲ, ಅದರಲ್ಲಿ ದೊಡ್ಡ ಪಾಲು ಎಐ ಕೆಲಸವೇ ಅಲ್ಲ. ವೇಗ ಸರಿಮಾಡಿದ್ದು ಅಷ್ಟೇ. ಸೆಕೆಂಡಿಗೆ 16 ಫ್ರೇಮಿನಲ್ಲಿ ತೆಗೆದದ್ದನ್ನು ಮಾತಿನ ಸಿನಿಮಾದ 24ರ ಯಂತ್ರದಲ್ಲಿ ಓಡಿಸಿದರೆ ಎಲ್ಲ ಒಂದೂವರೆ ಪಟ್ಟು ಜೋರಾಗುತ್ತದೆ. ಮೂಕಿ ಚಿತ್ರದ ಜನ ತುರಿಕೆ ಹತ್ತಿದ ಹಾಗೆ ಪಟಪಟ ಓಡಾಡುತ್ತಾರೆ ಅಂತ ನಮ್ಮ ತಲೆಯಲ್ಲಿ ಕೂತಿರುವುದು ಈ ತಪ್ಪಿನಿಂದ. ಅವರು ಹಾಗೆ ನಡೆಯುತ್ತಿರಲಿಲ್ಲ, ನಾವು ಹಾಗೆ ಓಡಿಸಿದೆವು. ಮೂಲವನ್ನೇ ಸರಿಯಾದ ವೇಗದಲ್ಲಿ ನೋಡಿದರೆ ಒಂದೇ ಒಂದು ಫ್ರೇಮ್ ಹುಟ್ಟಿಸದೆ ಮನುಷ್ಯರು ಮನುಷ್ಯರ ಹಾಗೆ ನಡೆಯುತ್ತಾರೆ.

ಬಣ್ಣದ ಕತೆ ಇನ್ನೂ ಮಜಾ. ಆ ಕಾಲದ ಕಪ್ಪುಬಿಳುಪು ಫಿಲಂಗೆ ಕೆಂಪು ಬಣ್ಣ ಕಾಣುತ್ತಿರಲಿಲ್ಲ. ಕೆಂಪು ರಿಬ್ಬನ್ ಕಪ್ಪಾಗಿ ಬರುತ್ತಿತ್ತು, ನೀಲಿ ಆಕಾಶ ಬೆಳ್ಳಗೆ ಬರುತ್ತಿತ್ತು. ಆ ಕಪ್ಪಿನ ಹಿಂದೆ ಇದ್ದದ್ದು ಕೆಂಪೋ ಕಂದೋ ಕಪ್ಪೋ ಅಂತ ತಿಳಿಯುವ ದಾರಿ ಚಿತ್ರದೊಳಗೆ ಇಲ್ಲ. ಯಂತ್ರ ಊಹಿಸುತ್ತದೆ. ಕಡಲು ಕಂಡರೆ ನೀಲಿ ಬಳಿಯುತ್ತದೆ, ಯಾಕೆಂದರೆ ಅದು ಕಲಿತ ಫೋಟೊಗಳಲ್ಲಿ ಕಡಲು ನೀಲಿ. ಬ್ಲ್ಯಾಕ್‌ಪೂಲಿನ ಐರಿಷ್ ಕಡಲು ಹೆಚ್ಚಿನ ದಿನ ಬೂದು, ಇಲ್ಲವೇ ಮಳೆಗಾಲದ ನಮ್ಮ ಅರಬ್ಬಿಯ ಹಾಗೆ ಕೆಸರುಗಂದು.

ನಿಜವಾದ ಬಣ್ಣದ ಕಡಲತೀರ ಬೇಕಾ? ಅದೂ ಇದೆ. ಜಾರ್ಜ್ ಆಲ್ಬರ್ಟ್ ಸ್ಮಿತ್ ಎಂಬುವರು 1908ರಲ್ಲಿ ಇಂಗ್ಲೆಂಡಿನ ಬ್ರೈಟನ್‌ನಲ್ಲಿ ಸುಮಾರು ಎಂಟು ನಿಮಿಷದ ಚಿತ್ರ ತೆಗೆದರು, ಕಿನೆಮಾಕಲರ್ ಎಂಬ ಪದ್ಧತಿಯಲ್ಲಿ. ಒಂದು ಫ್ರೇಮ್ ಕೆಂಪು ಗಾಜಿನ ಮೂಲಕ, ಮುಂದಿನದು ಹಸಿರು ಗಾಜಿನ ಮೂಲಕ. ತೋರಿಸುವಾಗಲೂ ಹಾಗೇ. ಜೋರಾಗಿ ಅಲುಗುವ ವಸ್ತುವಿನ ಅಂಚಿನಲ್ಲಿ ಕೆಂಪು ಹಸಿರು ಸೋರುತ್ತದೆ, ನೀಲಿ ಸರಿಯಾಗಿ ಬರುವುದೇ ಇಲ್ಲ. ನೋಡಲು ಒಡ್ಡೊಡ್ಡು. ಆದರೆ ಅಲ್ಲಿ ಕೆಂಪಾಗಿ ಕಾಣುವುದು ಅವತ್ತು ನಿಜಕ್ಕೂ ಕೆಂಪಿತ್ತು. 1911ರ ದೆಹಲಿ ದರ್ಬಾರನ್ನು ಚಿತ್ರೀಕರಿಸಿದ್ದೂ ಇದೇ ಪದ್ಧತಿಯಲ್ಲಿ.

ನಮ್ಮಲ್ಲಿ ಈ ಚರ್ಚೆಗೆ ಇನ್ನೊಂದು ಮುಖವಿದೆ. 1896ರ ಜುಲೈ 7ರಂದು ಬಾಂಬೆಯ ವಾಟ್ಸನ್ಸ್ ಹೋಟೆಲಿನಲ್ಲಿ, ಒಂದು ರೂಪಾಯಿ ಟಿಕೆಟ್ಟಿಗೆ, ಭಾರತದಲ್ಲಿ ಲುಮಿಯೇರ್ ಚಿತ್ರಗಳ ಮೊದಲ ಪ್ರದರ್ಶನ ನಡೆಯಿತು. ಆರು ಚಿತ್ರಗಳಲ್ಲಿ ರೈಲೂ ಇತ್ತು, ಕಡಲಸ್ನಾನವೂ ಇತ್ತು. ಅಲ್ಲಿಂದ ಸ್ವಲ್ಪ ನಡೆದರೆ ಅಪೋಲೊ ಬಂದರಿನ ನಿಜವಾದ ಕಡಲು. ಆದರೂ ಜನ ದುಡ್ಡು ಕೊಟ್ಟು ಪರದೆ ಮೇಲಿನ ಅಲೆ ನೋಡಿದರು. ಆ ಚಿತ್ರಗಳನ್ನು ತಂದಿದ್ದ ಮಾರಿಯಸ್ ಸೆಸ್ತಿಯೇ ಮುಂದೆ ಆಸ್ಟ್ರೇಲಿಯಾಗೆ ಹೋಗಿ, ಸಿಡ್ನಿಯ ಬಳಿಯ ಮ್ಯಾನ್ಲಿ ಕಡಲತೀರಕ್ಕೆ ಫೆರ್ರಿಯಲ್ಲಿ ಬಂದಿಳಿಯುವ ಜನರನ್ನು ಚಿತ್ರೀಕರಿಸಿದರು. ಅದು ಕಳೆದುಹೋಗಿದೆ. ಬಾಂಬೆಯ ಆ ಪ್ರದರ್ಶನ ನೋಡಿ ಹುಚ್ಚು ಹಿಡಿಸಿಕೊಂಡ ಸಾವೆ ದಾದಾ, ಅಂದರೆ ಭಾಟವಡೇಕರ್, 1899ರಲ್ಲಿ ತೆಗೆದ ಕುಸ್ತಿಯ ಚಿತ್ರವೂ ಇಲ್ಲ. ಭಾರತದಲ್ಲಿ ತಯಾರಾದ ಮೂಕಿ ಕಥಾಚಿತ್ರಗಳು 1300 ಆಸುಪಾಸು, ಉಳಿದದ್ದು ಬೆರಳೆಣಿಕೆಗಿಂತ ಸ್ವಲ್ಪ ಹೆಚ್ಚು. ಕನ್ನಡದ ಮೊದಲ ಮಾತಿನ ಚಿತ್ರ, 1934ರ ‘ಸತಿ ಸುಲೋಚನ’ದ ಒಂದು ಪ್ರಿಂಟೂ ನಮ್ಮಲ್ಲಿಲ್ಲ. ಹಿಗ್ಗಿಸುವುದಕ್ಕಾದರೂ ಒಂದು ಫ್ರೇಮ್ ಬೇಕಲ್ಲ. ‘ಹೇಗೂ ಎಐ ಸರಿಮಾಡುತ್ತೆ’ ಅನ್ನುವ ಧೈರ್ಯ ಬಂದರೆ ಫ್ರೀಜರಿನ ಕರೆಂಟ್ ಬಿಲ್ಲು ಕಟ್ಟುವವರು ಯಾರು ಎಂಬುದೇ ನನ್ನ ಭಯ.

ಇನ್ನೊಂದು ಭಯವೂ ಇದೆ. ಹುಡುಕಿದರೆ ಮೊದಲು ಸಿಗುವುದು ನುಣುಪಾದ ವಿಡಿಯೊ. ಮೂಲ ಎಲ್ಲೋ ಕೆಳಗೆ. ನಾಳೆ ಯಾರೋ ಆ ನುಣುಪನ್ನೇ ಮೂಲ ಅಂದುಕೊಂಡು ಸಾಕ್ಷ್ಯಚಿತ್ರಕ್ಕೆ ಹಾಕಿಕೊಳ್ಳಬಹುದು, ಶಾಲೆಯಲ್ಲಿ ತೋರಿಸಬಹುದು. ಇದಕ್ಕೆ ಕಾನೂನು ಗೀನೂನು ಬೇಕಿಲ್ಲ. ವಿಡಿಯೊದ ಮೇಲೇ, ಕೆಳಗಿನ ಸಣ್ಣಕ್ಷರದಲ್ಲಲ್ಲ, ‘ಬಣ್ಣ ಊಹೆ, ಸದ್ದು ಸೇರಿಸಿದ್ದು, ನಡುವಿನ ಫ್ರೇಮ್‌ಗಳು ಯಂತ್ರದ್ದು, ಮೂಲ ಇಲ್ಲಿದೆ’ ಅಂತ ಬರೆದರೆ ಸಾಕು. ಕೆಲವರು ಬರೆಯುತ್ತಾರೆ. ಆದರೆ ವಾಟ್ಸಾಪಿಗೆ ಬರುವಷ್ಟರಲ್ಲಿ ಅದು ಉದುರಿಹೋಗಿರುತ್ತದೆ.

ಚಿಕ್ಕಪ್ಪನಿಗೆ ನಾನು ಭಾಷಣ ಮಾಡಲಿಲ್ಲ. ಆ ವಿಡಿಯೊದ ಮೂಲ ಹುಡುಕಿ, ಏನೂ ಬರೆಯದೆ ಕಳಿಸಿದೆ. ಗೀರು, ಮಸುಕು, ಸದ್ದಿಲ್ಲ, ಬಣ್ಣವಿಲ್ಲ. ಅರ್ಧ ಗಂಟೆ ಉತ್ತರವಿಲ್ಲ. ಬೇಜಾರಾಯಿತೇನೋ ಅಂದುಕೊಂಡೆ. ಆಮೇಲೆ ಫೋನೇ ಬಂತು. ‘ಲೋ, ಆ ಕಿವಿ ಅಗಲದ ಹುಡುಗ ಇದಾನಲ್ಲ, ಅವನು ಎರಡು ಸಲ ಬರ್ತಾನೆ ಕಣೋ. ಎರಡನೇ ಸಲ ಟೋಪಿ ಕೈಯಲ್ಲಿ ಹಿಡ್ಕೊಂಡಿದಾನೆ. ಮೊದಲಿನದರಲ್ಲಿ ನಾನಿದನ್ನ ನೋಡೇ ಇರಲಿಲ್ಲ.’